ಒನಕೆ ಬಿದ್ದ ಸಂಜೆ

“ಒಂಬತ್ತನೇ ಕ್ಲಾಸ್ ದಾಟಲಾರದವ ಸೂರ್ಯಗ ಜ್ವರ ಬಂದೈತಿ ಅಂತ ಹೇಳಾಕ ಬಂದಾನ, ಕೇಳ್ರಪ್ಪೋ!”

ಪಾಲಾಕ್ಷಪ್ಪ ಇಷ್ಟು ಹೇಳಿ ತೊಡೆ ತಟ್ಟಿದ. ಕೊಟ್ಟೂರಿನ ಅವನ ಮನೆ ಅಂಗಳದಲ್ಲಿ ಪಾರಿವಾಳದ ಬುಟ್ಟಿ ಹಿಡಿದು ನಿಂತಿದ್ದವರೆಲ್ಲ ನಕ್ಕರು. ಎದುರು ಮನೆಯ ಕಟ್ಟೆ ಮೇಲೆ ಕೂತಿದ್ದ ಹೆಂಗಸರೂ ನಕ್ಕರು. ನನ್ನ ಜೊತೆ ಪಂಕ್ಚರ್ ಅಂಗಡಿಯಲ್ಲಿ ಕೆಲಸ ಮಾಡುವ ಗಾದೆಪ್ಪನೂ ನಕ್ಕ. ಉಳಿದವರು ನಕ್ಕಿದ್ದು ಹೋಗಲಿ, ಅವನು ನಕ್ಕಿದ್ದಕ್ಕೆ ನನಗೆ ಮೈಯೆಲ್ಲ ಉರಿಯಿತು.

ನಾನು ಹೇಳಿದ್ದಾದರೂ ಏನು? ಅನಂತಪುರದ ಅಂಜಿನೇಯಲು ಅಂತ ಒಬ್ಬ, ನಮ್ಮ ಪಾರಿವಾಳದವರ ವಾಟ್ಸಾಪ್ ಗುಂಪಿನಲ್ಲಿ ಇರುವವನು, ಮಧ್ಯಾಹ್ನ ದನಿ ಮೆಸೇಜು ಕಳಿಸಿದ್ದ. ಸೂರ್ಯನ ಮೇಲೆ ದೊಡ್ಡ ಸ್ಫೋಟ ಆಗಿದೆ, ಅಲ್ಲಿಂದ ಎದ್ದ ಬಿರುಗಾಳಿ ನಾಳೆ ಭೂಮಿಗೆ ಬಡಿಯುತ್ತದೆ, ನಾವ್ಯಾರೂ ನಾಳೆ ಹಕ್ಕಿ ಬಿಡುವುದಿಲ್ಲ, ನೀವೂ ಬಿಡಬೇಡಿ ಅಂತ. ದೂರದಿಂದ ಮನೆಗೆ ಬರುವ ಹಕ್ಕಿ ಸೂರ್ಯನನ್ನು ನೋಡಿ ದಿಕ್ಕು ಹಿಡಿಯುತ್ತದೆ. ಮೋಡ ಮುಚ್ಚಿದ್ದರೆ ಭೂಮಿಯ ಅಯಸ್ಕಾಂತವೇ ಅದಕ್ಕೆ ಗತಿ. ಆ ಅಯಸ್ಕಾಂತವನ್ನೇ ಬಿರುಗಾಳಿ ಅಲುಗಿಸಿದರೆ ಹಕ್ಕಿ ಎತ್ತ ಹೋಗಬೇಕು? ನಾಳೆ ಮೋಡ ಅಂತ ಟಿವಿಯವರೂ ಹೇಳಿದ್ದರು. ಅಂಜಿನೇಯಲು ಹೇಳಿದ್ದರಲ್ಲಿ ಅರ್ಧ ನನಗೂ ತಿಳಿದಿರಲಿಲ್ಲ. ತಿಳಿದಷ್ಟನ್ನು ಹೇಳಿದೆ.

ಅವತ್ತು ರಾತ್ರಿ ಎಲ್ಲರ ಹಕ್ಕಿಗಳೂ ಟೆಂಪೋದಲ್ಲಿ ಕಲಬುರಗಿಗೆ ಹೋಗಬೇಕಿತ್ತು. ಬೆಳಗಾಗುತ್ತಲೇ ಅಲ್ಲಿ ಬಿಡುವುದು, ಮಧ್ಯಾಹ್ನದ ಊಟದೊಳಗೆ ಯಾರ ಹಕ್ಕಿ ಮೊದಲು ಕೊಟ್ಟೂರಿನ ತನ್ನ ಗೂಡಿಗೆ ಬರುತ್ತದೋ ಅವರು ಗೆದ್ದಂತೆ.

“ಸೂರ್ಯಗ ಏನರ ಆಗಿದ್ರ ಒನಕಿ ಹೇಳತೈತಿ, ತಡೀರಿ,” ಅಂದಳು ಪಾಲಾಕ್ಷಪ್ಪನ ತಾಯಿ ಜಂಬಮ್ಮ.

ಗ್ರಹಣ ಹಿಡಿದಾಗ ತಾಟಿನಲ್ಲಿ ನೀರು ಹಾಕಿ ಒನಕೆ ಇಟ್ಟರೆ ಯಾರೂ ಹಿಡಿಯದೆ ನೆಟ್ಟಗೆ ನಿಲ್ಲುತ್ತದೆ, ಗ್ರಹಣ ಬಿಟ್ಟಾಗ ತಾನೇ ಬೀಳುತ್ತದೆ. ನಮ್ಮ ಕಡೆ ಇದನ್ನು ನೋಡದ ಮನೆಯಿಲ್ಲ. ಜಂಬಮ್ಮ ಅಂಗಳದ ಹಾಸುಗಲ್ಲಿನ ಮೇಲೆ ಹಿತ್ತಾಳೆ ತಾಟು ಇಟ್ಟಳು. ನೀರು ಹಾಕಿದಳು. ಒನಕೆಯನ್ನು ಎರಡೂ ಕೈಯಲ್ಲಿ ಹಿಡಿದು ನಿಲ್ಲಿಸಿ, ಬಾಯಲ್ಲಿ ಏನೋ ಅಂದುಕೊಂಡು, ಕೈ ಬಿಟ್ಟಳು.

ಒನಕೆ ದಡಾರನೆ ಬಿತ್ತು. ನೀರು ಹಾರಿ ಪಾಲಾಕ್ಷಪ್ಪನ ಲುಂಗಿ ತೊಯ್ದುಹೋಯಿತು.

“ಏನೂ ಆಗಿಲ್ಲ, ಸೂರ್ಯ ಆರಾಮ ಅದಾನ!” ಅಂದ ಪಾಲಾಕ್ಷಪ್ಪ. ಮತ್ತೆ ನನ್ನ ಕಡೆ ತಿರುಗಿದ. “ಅಂಜಿಕಿ ಬಂದೈತಿ ಅಂದ್ರ ಅಂಜಿಕಿ ಬಂದೈತಿ ಅನ್ನಲೇ ಹುಲುಗ್ಯಾ. ಪಾಪ ಸೂರ್ಯನ ಮ್ಯಾಲೆ ಯಾಕ ಹಾಕ್ತಿ? ನಿನ್ನ ಬೂದಿ ಹೊಳಿ ದಾಟಂಗಿಲ್ಲ ಅಂತ ನಿನಗ ಗೊತ್ತೈತಿ.”

ಬೂದಿ ನನ್ನ ಹೆಣ್ಣು ಹಕ್ಕಿ. ಬುಟ್ಟಿಯೊಳಗೆ ಸುಮ್ಮನೆ ಕೂತಿತ್ತು. ಅದರ ಗೂಡಿನಲ್ಲಿ ಎರಡು ಮರಿ. ಗಂಡನ್ನು ಬೆಕ್ಕು ಒಯ್ದಿತ್ತು, ಈಗ ಆ ಮರಿಗಳಿಗೆ ತಾಯಿ ಒಂದೇ. ಮರಿ ಇರುವ ಹಕ್ಕಿ ಎಲ್ಲಿ ಬಿಟ್ಟರೂ ಬಾಣದ ಹಾಗೆ ಮನೆಗೆ ಬರುತ್ತದೆ ಅಂತ ಅಂಥದ್ದನ್ನೇ ಆರಿಸಿ ಪಂದ್ಯಕ್ಕೆ ಕಳಿಸುವುದು ನಮ್ಮ ರೂಢಿ.

“ಬ್ಯಾಡ ಬಿಡಲೇ,” ಗಾದೆಪ್ಪ ನನ್ನ ಕಿವಿಯಲ್ಲಿ ಅಂದ. “ಬುಟ್ಟಿ ತಗಂಡು ಮನಿಗೆ ನಡಿ. ಮಂದಿ ಮಾತು ಏನ್ ಕೇಳ್ತಿ.”

ಈಗ ನಗೋದು, ಈಗ ಬುದ್ಧಿ ಹೇಳೋದು! ನಾನು ಅವನ ಕೈ ಕೊಸರಿ ಟೆಂಪೋ ಹತ್ತಿರ ಹೋದೆ. ಬುಟ್ಟಿ ತೆಗೆದೆ. ಬೂದಿಯ ಎದೆ ನನ್ನ ಅಂಗೈಯಲ್ಲಿ ಬಡಿದುಕೊಳ್ಳುತ್ತಿತ್ತು. ಅದನ್ನು ಉಳಿದ ಹಕ್ಕಿಗಳ ಜೊತೆ ಪಂಜರಕ್ಕೆ ಬಿಟ್ಟು ಚಿಲಕ ಹಾಕಿದೆ. ಖಾಲಿ ಬುಟ್ಟಿಯನ್ನು ಪಾಲಾಕ್ಷಪ್ಪನ ಅಂಗಳದಲ್ಲೇ ಒಗೆದು ಬಂದೆ.

ಬೆಳಿಗ್ಗೆ ಮೋಡ. ಮಳೆ ಬರುವ ಕರಿ ಮೋಡವಲ್ಲ, ಹಾಲಿನ ಕೆನೆ ಕಟ್ಟಿದಂಥದ್ದು. ಅದರ ಹಿಂದೆ ಸೂರ್ಯ ಎಲ್ಲಿದ್ದಾನೆ ಅನ್ನುವುದೇ ತಿಳಿಯುತ್ತಿರಲಿಲ್ಲ. ನಾನು ಮಾಳಿಗೆ ಹತ್ತಿ ಕೂತೆ. ಮರಿಗಳು ಚೀರುತ್ತಿದ್ದವು. ನೆನೆಸಿದ ಕಡಲೆ ಅಗಿದು ಬಾಯಿಂದಲೇ ಕೊಟ್ಟೆ. ಒಂದು ತಿಂದಿತು. ಇನ್ನೊಂದು ಕೊಕ್ಕನ್ನೇ ತೆರೆಯಲಿಲ್ಲ.

ಟೆಂಪೋ ಡ್ರೈವರ್ ಕಲಬುರಗಿಯಿಂದ ವಿಡಿಯೋ ಕಳಿಸಿದ. ಪಂಜರ ತೆಗೆದ ಕೂಡಲೇ ಹಕ್ಕಿಗಳು ಭರ್ರನೆ ಎದ್ದವು. ಯಾವಾಗಲೂ ಒಂದು ಸುತ್ತು, ಹೆಚ್ಚೆಂದರೆ ಎರಡು ಸುತ್ತು ಹಾಕಿ ತೆಂಕಣಕ್ಕೆ ಮುಖ ಮಾಡುತ್ತವೆ. ಇವು ಸುತ್ತಿದವು, ಮತ್ತೆ ಸುತ್ತಿದವು. ಗುಂಪು ಒಡೆದು ಎರಡಾಯಿತು, ಮತ್ತೆ ಕೂಡಿತು, ಮತ್ತೆ ಒಡೆಯಿತು. ಕೊನೆಗೆ ಒಂದು ಪಾಲು ಪಡುವಣಕ್ಕೆ ಹೋಯಿತು. ಇನ್ನೊಂದು ಎತ್ತ ಹೋಯಿತೋ ಕಾಣಲಿಲ್ಲ. “ಇವ್ಯಾಕ ಇವತ್ತ ಹಿಂಗ ಮಾಡಾಕತ್ಯಾವು?” ಅನ್ನುವ ಡ್ರೈವರನ ದನಿಯೊಂದಿಗೆ ವಿಡಿಯೋ ನಿಂತಿತು.

ನಮ್ಮ ಮನೆ ಹಿಂದೆ ಮೆಕ್ಕೆಜೋಳದ ಹೊಲ. ನಮ್ಮ ಓಣಿಯ ಮೈಲಾರೇಶ ಅಲ್ಲಿ ಡ್ರೋನಿನಿಂದ ಔಷಧಿ ಹೊಡೆಯುತ್ತಿದ್ದ. ಸಾಲು ತಪ್ಪದೆ ಹೋಗುವ ಡ್ರೋನು ಆವತ್ತು ಕುಡಿದವರ ಹಾಗೆ ಬದಿಗೆ ಜಾರಿ ಪಕ್ಕದ ಈರುಳ್ಳಿ ಮಡಿಗಳ ಮೇಲೆ ಔಷಧಿ ಉಗುಳಿತು. ಅವನು ಬೈಯುತ್ತ ಅದನ್ನು ಕೆಳಗಿಳಿಸಿದ.

“ಏನಾತೋ ಮೈಲಾರಿ?” ಮಾಳಿಗೆ ಮೇಲಿಂದ ಕೂಗಿದೆ.

“ಸ್ಯಾಟಲೈಟ್ ಹಿಡೀವಲ್ದಲೇ! ಹಿಡೀತೈತಿ, ಬಿಡತೈತಿ. ಹಡಗಲಿಯಾಗ ನಮ್ಮ ಅಣ್ಣಂದೂ ಹಿಂಗ ಆಗೇತಂತ. ಇವತ್ತ ಮ್ಯಾಲೆ ಏನೋ ಕೆಟ್ಟೈತಿ ನೋಡು.”

ಅವನು ಕೈಯೆತ್ತಿ ಮೋಡ ತೋರಿಸಿದ. ಅಂಜಿನೇಯಲು ಹೇಳಿದ ಬಿರುಗಾಳಿ ಮೇಲಿನ ಸ್ಯಾಟಲೈಟನ್ನೂ ಬಿಟ್ಟಿರಲಿಲ್ಲ. ಅಲ್ಲಿಯವರೆಗೂ, ನಿಜ ಹೇಳಬೇಕೆಂದರೆ, ಅಂಜಿನೇಯಲು ಹೇಳಿದ್ದು ಸುಳ್ಳಾಗಲಿ, ನಾಲ್ಕು ಜನ ಇನ್ನಷ್ಟು ನಕ್ಕರೂ ನಗಲಿ ಅಂತ ಒಳಗೊಳಗೇ ಬೇಡಿಕೊಂಡಿದ್ದೆ.

ಊಟದ ಹೊತ್ತಾಯಿತು. ಊರಿನ ಮಾಳಿಗೆಗಳ ಮೇಲೆಲ್ಲ ಜನ ನಿಂತು ಬಡಗಣಕ್ಕೆ ನೋಡುತ್ತಿದ್ದರು. ಆಕಾಶದಲ್ಲಿ ಒಂದು ಕಾಗೆ ಕೂಡ ಇರಲಿಲ್ಲ.

ಆಮೇಲೆ ರೆಕ್ಕೆ ಸದ್ದು ಕೇಳಿತು. ಎದ್ದೆ. ಜೋಳದ ಡಬ್ಬಿ ಅಲ್ಲಾಡಿಸಿದೆ, ಸಿಳ್ಳೆ ಹೊಡೆದೆ, “ಬಾ ಬಾ ಬಾ, ಬೂದಿ, ಬಾ ನಮ್ಮವ್ವ” ಅಂತ ಹುಚ್ಚನ ಹಾಗೆ ಕೂಗಿದೆ. ಹಕ್ಕಿ ಮಾಳಿಗೆಯ ಅಂಚಿಗೆ ಬಿದ್ದಂತೆ ಇಳಿಯಿತು. ಮೈ ಬೂದಿಯ ಬಣ್ಣವೇ. ಹತ್ತಿರ ಹೋದೆ. ಕಣ್ಣು ಬೇರೆ, ಕೊಕ್ಕು ಬೇರೆ. ಯಾರ ಹಕ್ಕಿ ಅಂತ ತಿಳಿಯಲು ಕಾಲಿಗೆ ಹಾಕುವ ನಂಬರಿನ ಉಂಗುರವೂ ನಮ್ಮದಲ್ಲ.

ಅದು ನನಗೆ ಹೆದರಲೇ ಇಲ್ಲ. ಬಟ್ಟಲಿನ ನೀರನ್ನು ತಲೆ ಎತ್ತದೆ ಕುಡಿಯಿತು. ಕುಡಿದು ಗೋಡೆಗೆ ಮುಖ ಮಾಡಿ ಕೂತಿತು. ಗೂಡಿನ ಮರಿಗಳು ರೆಕ್ಕೆ ಸದ್ದಿಗೆ ತಾಯಿ ಬಂದಳೆಂದು ಕತ್ತು ಚಾಚಿ ಚೀರಿದವು. ಅದು ತಿರುಗಿ ಕೂಡ ನೋಡಲಿಲ್ಲ.

ಉಂಗುರದ ಫೋಟೋ ಅಂಜಿನೇಯಲುಗೆ ಕಳಿಸಿದೆ. ಅವನ ದನಿ ಬಂತು: “ಇದು ಕರ್ನೂಲಿನವರ ಹಕ್ಕಿ ಅಬ್ಬಾಯ್. ಅವರೂ ನನ್ನ ಮಾತು ಕೇಳಲಿಲ್ಲ. ಮುಂಜಾನೆ ಹೈದರಾಬಾದಿನಾಗ ಬಿಟ್ಟಾರ, ಕರ್ನೂಲು ಬಿಟ್ಟು ಕೊಟ್ಟೂರಿಗೆ ಬಂದೈತಿ ನೋಡು. ನೀ ಬಿಟ್ಟಿಲ್ಲ ತಾನೆ? ಬಿಟ್ಟಿಲ್ಲ ಅಂತ ಹೇಳು.”

ನಾನು ಫೋನನ್ನು ಜೇಬಿಗೆ ಹಾಕಿದೆ.

ಹೊತ್ತು ಇಳಿಯುವಾಗ ಎಲ್ಲರೂ ಪಾಲಾಕ್ಷಪ್ಪನ ಮನೆಯಲ್ಲಿ ಸೇರಿದ್ದರು. ಒಬ್ಬರ ಹಕ್ಕಿಯೂ ಬಂದಿರಲಿಲ್ಲ. ಎಲ್ಲರಿಗಿಂತ ಹೆಚ್ಚು ಕಳೆದುಕೊಂಡವನು ಪಾಲಾಕ್ಷಪ್ಪನೇ. ಟೆಂಪೋದಲ್ಲಿ ಹೋದ ಹಕ್ಕಿಗಳಲ್ಲಿ ಅರ್ಧ ಅವನವೇ ಇದ್ದವು. ಒಂದೇ ದಿನಕ್ಕೆ ಅವನ ಗಲ್ಲ ಒಳಗೆ ಹೋಗಿತ್ತು.

ಜಂಬಮ್ಮ ಮತ್ತೆ ತಾಟು ತಂದಿದ್ದಳು. ಈ ಸಲ ಪಡಸಾಲೆಯ ಹೊಸ ಟೈಲ್ಸಿನ ಮೇಲೆ ಇಟ್ಟಳು. ನೀರು ಹಾಕಿ ಒನಕೆ ನಿಲ್ಲಿಸಿ ಕೈ ಬಿಟ್ಟಳು.

ಒನಕೆ ನಿಂತಿತು.

ಪಡಸಾಲೆಯಲ್ಲಿದ್ದವರೆಲ್ಲ ಹಿಂದೆ ಸರಿದರು. ಯಾರೋ “ಎವ್ವಾ ತಾಯಿ ಉಚ್ಚೆಂಗಮ್ಮ” ಅಂದರು. ನೀರಿನ ನಡುವೆ ಕರಿ ಒನಕೆ ನೆಟ್ಟಗೆ ನಿಂತೇ ಇತ್ತು. ನಿನ್ನೆ ಇಟ್ಟಿದ್ದು ಉಬ್ಬುತಗ್ಗಿನ ಕಲ್ಲಿನ ಮೇಲೆ, ಇವತ್ತು ಇಟ್ಟಿದ್ದು ಸಾಪಾದ ನೆಲದ ಮೇಲೆ, ಅಷ್ಟೇ ಅಲ್ಲವೇನ್ರೋ ಅಂತ ಕೂಗಬೇಕು ಅನ್ನಿಸಿತು. ಆದರೆ ಅದನ್ನು ನೋಡುತ್ತ ನನಗೆ ಗೊತ್ತಿಲ್ಲದೆಯೇ ನಾನೂ ಒಂದು ಹೆಜ್ಜೆ ಹಿಂದೆ ಸರಿದಿದ್ದೆ.

“ಬಾರಲೇ ಹುಲುಗೇಶ,” ಪಾಲಾಕ್ಷಪ್ಪ ಕರೆದ. ಅವನ ಬಾಯಲ್ಲಿ ನನ್ನ ಪೂರ್ತಿ ಹೆಸರು ಬಂದಿದ್ದು ಅದೇ ಮೊದಲು. ನಗು ಇಲ್ಲ, ಕುಹಕ ಇಲ್ಲ. “ನಮಗ ತಿಳೀಲಿಲ್ಲ, ಆತು. ನಾವು ನಕ್ವಿ, ಅದೂ ಆತು. ನಿನಗ ಗೊತ್ತಿತ್ತಲ್ಲೋ. ಮನಿಯಾಗ ಮರಿ ಇಟ್ಕಂಡು ಮತ್ತ ನೀ ಯಾಕ ಬಿಟ್ಟಿ?”

ಎಲ್ಲರೂ ನನ್ನ ಕಡೆ ತಿರುಗಿದರು. ಗಾದೆಪ್ಪ ಒಬ್ಬ ನೆಲ ನೋಡುತ್ತಿದ್ದ.

ನನ್ನ ಬುಟ್ಟಿ ನಿನ್ನೆ ಒಗೆದಲ್ಲೇ, ಅಂಗಳದ ಮೂಲೆಯಲ್ಲಿ ಬೋರಲು ಬಿದ್ದಿತ್ತು. ಅಂಗಳಕ್ಕೆ ಇಳಿದು ಎತ್ತಿದರೆ ತಳದಲ್ಲಿ ಬೂದಿಯ ಒಂದು ಪುಕ್ಕ ಅಂಟಿಕೊಂಡಿತ್ತು. ಕತ್ತಲಾಗುವುದರೊಳಗೆ ಮರಿಗಳಿಗೆ ಇನ್ನೊಂದು ಸಲ ಕಡಲೆ ಅಗಿದು ಕೊಡಬೇಕಿತ್ತು, ಆ ಕೊಕ್ಕು ತೆರೆಯದ್ದಕ್ಕೆ ಹೇಗಾದರೂ ತೆರೆಸಬೇಕಿತ್ತು.

“ನಿನ್ನನ್ನ ಕೇಳಿದ್ದಲೇ, ಯಾಕ ಬಿಟ್ಟಿ?” ಅಂದ ಪಾಲಾಕ್ಷಪ್ಪ ಹಿಂದಿನಿಂದ.

ನಾನು ಬಾಗಿಲು ದಾಟಿ ಓಣಿಗೆ ಇಳಿದು ಮನೆ ಕಡೆ ನಡೆದೆ.