ಶನಿವಾರದ ಚೀಟಿಗಳು

ಎರಡೂವರೆ ಪವನು, ಅಲ್ಲ, ಎರಡೇ, ಕೊಂಡಿಯ ಹತ್ತಿರ ಸವೆದಿದೆ — ಎದುರು ಸೀಟಿನ ಹೆಂಗಸಿನ ಸರವನ್ನು ಕಣ್ಣಿನಲ್ಲೇ ತೂಗುತ್ತಾ ಕೂತಿದ್ದೇನೆ, ಥೂ, ಈ ಕಣ್ಣಿಗೆ ಇನ್ನೂ ಬುದ್ಧಿ ಬಂದಿಲ್ಲ, ಇಪ್ಪತ್ತೆರಡು ವರ್ಷ ಸಹಕಾರಿ ಸೊಸೈಟಿಯ ಸೆಕ್ರೆಟರಿಯಾಗಿ ಊರವರ ಅಡವಿನ ಚಿನ್ನ ಕಾದ ಕಣ್ಣು, ಬಸ್ಸು ಬೆಳ್ತಂಗಡಿ ಬಿಟ್ಟಿತು, ಕಕ್ಕಿಂಜೆ ಮುಟ್ಟಲು ಇನ್ನೂ ಮುಕ್ಕಾಲು ಗಂಟೆ ಉಂಟು, ತೊಡೆಯ ಮೇಲೆ ವಕೀಲರು ಕೊಟ್ಟ ಖಾಕಿ ಕವರು, ಒಳಗೆ ಆದೇಶದ ಪ್ರತಿ, ಗೆದ್ದಿರಿ ಮಾರಾಯ್ರೇ ಅಂತ ಬೆನ್ನು ತಟ್ಟಿದರು, ಗೆದ್ದದ್ದೇ ಬಿಡಿ, ನಷ್ಟದ ಎಂಬತ್ತು ಸಾವಿರ ನಾನೊಬ್ಬನೇ ಕೈಯಿಂದ ಕಟ್ಟಬೇಕಾಗಿದ್ದದ್ದು ಈಗ ಒಂಬತ್ತು ಡೈರೆಕ್ಟರುಗಳಿಗೂ ಹಂಚಿಹೋಯಿತು, ನನ್ನ ಪಾಲಿಗೆ ಎಂಟು ಸಾವಿರ, ಮನೆ ಉಳಿಯಿತು, ಬೀಸುವ ದೊಣ್ಣೆ ತಪ್ಪಿದರೆ ಸಾವಿರ ವರ್ಷ ಆಯುಸ್ಸು, ಹೆಂಡತಿ ಸೇಸಮ್ಮ ಇವತ್ತು ಪಾಯಸ ಮಾಡಿಟ್ಟಿರುತ್ತಾಳೆ, ಅದನ್ನು ನಾನು ಕೂತು ತಿನ್ನಬೇಕು.

ಶನಿವಾರ, ಎಲ್ಲ ಶನಿವಾರದ್ದು. ಮದುವೆ ಭಾನುವಾರ, ಚಿನ್ನ ಸೊಸೈಟಿಯ ತಿಜೋರಿಯಲ್ಲಿ, ಬರಿಗೈ ಬರಿಗುತ್ತಿಗೆಯಲ್ಲಿ ನೆಂಟರ ಎದುರು ನಿಲ್ಲುವುದು ಹೇಗೆ, ಹಾಗೆ ಬಾಗಿಲು ಹಾಕುವ ಹೊತ್ತಿಗೆ ಹೆಂಗಸರು ಹಿಂದಿನ ಜಗಲಿಯಿಂದ ಬರುತ್ತಿದ್ದರು, ಎರಡು ದಿನಕ್ಕೆ ಕೊಡಿ, ಸೋಮವಾರ ಬೆಳಿಗ್ಗೆ ತಂದಿಡ್ತೇನೆ, ಅಧ್ಯಕ್ಷರ ಬೀಗದ ಕೈಯೂ ನನ್ನ ಹತ್ತಿರವೇ ಇರುತ್ತಿತ್ತು, ಒಂದು ಚೀಟಿಗೆ ಹೆಸರು, ತಾರೀಕು, ಯಾರ ಮದುವೆಗೆ ಎಂದು ಬರೆಸಿ ಸಹಿ ಹಾಕಿಸಿ ಕೊಟ್ಟುಬಿಡುತ್ತಿದ್ದೆ, ಯಾವ ಕಾನೂನಿನಲ್ಲೂ ಇಲ್ಲದ್ದು, ಡೈರೆಕ್ಟರುಗಳಿಗೆಲ್ಲ ಗೊತ್ತಿತ್ತು, ಅವರ ಹೆಂಡಂದಿರೂ ಒಯ್ದವರೇ, ಹನ್ನೊಂದು ವರ್ಷ ಒಬ್ಬರೂ ಸೋಮವಾರ ತಪ್ಪಿಸಲಿಲ್ಲ. ನನಗೆ ಅದರ ಹೆಮ್ಮೆ, ಊರಿನ ಅರ್ಧ ಮದುವೆಗಳ ಮಾನ ನನ್ನ ಕಿಸೆಯಲ್ಲಿ ಅಂತ ಒಳಗೊಳಗೇ ಬೀಗುತ್ತಿದ್ದೆ. ಜೈನಬಮ್ಮ ಬಂದದ್ದು ತೊಂಬತ್ತಾರರಲ್ಲಿ, ಗಂಡನ ಆಸ್ಪತ್ರೆಗೆಂದು ಅಡವಿಟ್ಟ ನಾಲ್ಕು ಪವನಿನ ಸರ, ಮಗಳು ಜುಲೈಕಾಳ ನಿಕಾಹ್, ಸರವನ್ನು ಅಲ್ಲೇ ತನ್ನ ಕುತ್ತಿಗೆಗೆ ಹಾಕಿ ತಲೆವಸ್ತ್ರ ಎಳೆದುಕೊಂಡು ಅದರ ಮೇಲೆ ಅಂಗೈ ಒತ್ತಿ ಹಿಡಿದಳು, ಇದು ಅಡವಿನದ್ದು ಅಂತ ಹುಡುಗನ ಕಡೆಯವರಿಗೆ ಗೊತ್ತಾಗುವುದು ಬೇಡ ಲೋಕಯ್ಯಣ್ಣ, ಮದುವೆ ಮುಗಿದ ಮೇಲೆ ನಮ್ಮ ಮನೆಯಲ್ಲಿ ಜೋಪಾನ ಉಂಟು ಅಂತ ಹೇಳ್ತೇನೆ, ಬಿಡಿಸಿದ ಮೇಲೆ ಮಗಳಿಗೆ ಕೊಡ್ತೇನೆ. ನನ್ನ ಬಾಯಿಂದ ಬರುವುದುಂಟಾ ಜೈನಬಮ್ಮ. ಸೋಮವಾರ ನಾನು ಬಾಗಿಲು ತೆಗೆಯುವ ಮೊದಲೇ ಮೆಟ್ಟಿಲಲ್ಲಿ ಕೂತಿದ್ದಳು, ಮೂರು ವರ್ಷ ಒಂದು ತಿಂಗಳೂ ಬಡ್ಡಿ ತಪ್ಪಿಸಲಿಲ್ಲ.

ತಪ್ಪಿಸಿದವನು ಚಿನ್ನಯ್ಯ, ಡೈರೆಕ್ಟರೇ, ಹೋಟೆಲಿನವನು, ಹೆಂಡತಿಯ ಒಡವೆಯೆಲ್ಲ ಭಾವನ ಮದುವೆಗೆಂದು ಒಯ್ದ, ಸೋಮವಾರ ಬರಲಿಲ್ಲ, ಮಂಗಳವಾರ ಅವನ ಹೋಟೆಲಿಗೆ ಬೀಗ, ಬೊಂಬಾಯಿಗೆ ಹೋದನಂತೆ, ಚಿನ್ನ ಮಾರಿದನಂತೆ, ಕೊಟ್ಟವನು ಕೋಡಂಗಿ, ಆಡಿಟರು ತಿಜೋರಿಯ ಬಟ್ಟೆಚೀಲ ಬಿಚ್ಚಿದರೆ ಒಳಗೆ ಚೀಟಿ ಮಾತ್ರ. ನಷ್ಟ ಸೆಕ್ರೆಟರಿಯಿಂದಲೇ ವಸೂಲು ಯಾಕೆ ಮಾಡಬಾರದು ಅಂತ ನೋಟೀಸು. ರೂಢಿ ಇತ್ತು, ಡೈರೆಕ್ಟರುಗಳೂ ಒಪ್ಪಿದ್ದರು ಅಂತ ತೋರಿಸಿದರೆ ಅವರೂ ಪಾಲು ಕೊಡಬೇಕಾಗ್ತದೆ, ಹಳೆ ಚೀಟಿ ಉಂಟಾ ಅಂತ ವಕೀಲರು, ಹೆಸರು ಹೇಳದೆ ಆಗುದಿಲ್ವಾ ಅಂದೆ, ಹೆಸರಿಲ್ಲದ ಚೀಟಿಯನ್ನು ಯಾರು ನಂಬ್ತಾರೆ ಮಾರಾಯ್ರೇ, ಮನೆಗೆ ಬಂದರೆ ಸೇಸಮ್ಮನ ಮಾತು, ನಮ್ಮ ಮನೆ ಹರಾಜಾದರೆ ಆ ಹೆಂಗಸರು ಕರೆದು ಜಾಗ ಕೊಡ್ತಾರಾ ನಿಮಗೆ. ವಿಚಾರಣೆ ಸೊಸೈಟಿಯ ಹಾಲಿನಲ್ಲೇ, ಮೆಂಬರುಗಳು ಬಾಗಿಲವರೆಗೆ ತುಂಬಿದ್ದರು, ಜೋರಾಗಿ ಓದಿ, ಬರೆದುಕೊಳ್ಳಬೇಕು ಅಂದರು ಇಲಾಖೆಯ ಅಧಿಕಾರಿ, ಮೂವತ್ತೊಂದು ಚೀಟಿ, ಮೊದಲ ನಾಲ್ಕಕ್ಕೆ ನನ್ನ ಸ್ವರ ನಡುಗಿತು, ಆಮೇಲೆ ಇಲ್ಲ, ಅಧ್ಯಕ್ಷರ ಮುಖ ಕಪ್ಪಿಡುತ್ತಾ ಬಂದ ಹಾಗೆ ನನಗೆ ಧೈರ್ಯ ಏರಿತು, ಹೇಳಲು ನಾಚಿಕೆಯಾಗುತ್ತದೆ, ಖುಷಿಯೂ ಆಯಿತು, ಹತ್ತೊಂಬತ್ತನೆಯದು ಕೈಗೆ ಬಂತು, ಜೈನಬಮ್ಮ, ಮಗಳು ಜುಲೈಕಾಳ ಮದುವೆಗೆ, ಸರ ಒಂದು, ನಾಲ್ಕು ಪವನು, ನೋಡಿದೆ, ಗೊತ್ತಾಯಿತು, ಕಟ್ಟಿನ ಅಡಿಗೆ ಸರಿಸಬಹುದಿತ್ತು, ಯಾರೂ ಲೆಕ್ಕ ಹಿಡಿದಿರಲಿಲ್ಲ, ಮೂವತ್ತು ಸಾಕಿತ್ತು, ಮೂವತ್ತು ಧಾರಾಳ ಸಾಕಿತ್ತು, ಓದಿದೆ. ತಲೆ ಎತ್ತಿದರೆ ಹಿಂದಿನ ಗೋಡೆಯ ಹತ್ತಿರ ಅವಳೇ ನಿಂತಿದ್ದಳು, ಬಡ್ಡಿ ಕಟ್ಟಲು ಬಂದವಳು, ಬರಿಗುತ್ತಿಗೆಯ ಮೇಲೆ ಅಂಗೈ ಇಟ್ಟುಕೊಂಡಳು. ನಾನು ಇಪ್ಪತ್ತನೆಯದು ಓದಿದೆ.

ಉಜಿರೆ, ಉಜಿರೆ, ಬೇಗ ಇಳೀರಿ, ಕಂಡಕ್ಟರನ ಸೀಟಿ, ಇಳಿಯುವವರು ಇಳಿದರು, ಹತ್ತುವವರಲ್ಲಿ ಒಂದು ತಗಡಿನ ಪೆಟ್ಟಿಗೆ ಮೊದಲು, ಅದರ ಹಿಂದೆ ಕೈ, ದೇವರೇ ಬೇರೆ ಯಾರಾದರೂ ಆಗಲಿ, ಜೈನಬಮ್ಮ, ಅವಳ ಹಿಂದೆ ಸೊಂಟದಲ್ಲಿ ಮಗು ಇಟ್ಟುಕೊಂಡು ಜುಲೈಕಾ, ಗಂಡನ ಮನೆ ಇಲ್ಲೇ ಉಜಿರೆಯಲ್ಲಿ, ಚೀಟಿಯ ಸುದ್ದಿ ಅಲ್ಲಿಗೂ ಮುಟ್ಟಿ, ಸುಳ್ಳು ಹೇಳಿ ಮದುವೆ ಮಾಡಿದವರ ಮಗಳು ಅಂತ ದಿನಾ ಚುಚ್ಚುತ್ತಾರೆ, ತವರಿಗೆ ಕಳಿಸಿಬಿಡುತ್ತಾರೆ ಅಂತ ಪೇಟೆಯಲ್ಲಿ ಕೇಳಿದ್ದೆ, ಕೇಳಿಯೂ ಕೇಳದವನ ಹಾಗೆ ಇದ್ದೆ, ಈಗ ಪೆಟ್ಟಿಗೆ ನನ್ನ ಕಾಲಿಗೇ ತಾಗಿ ನಿಂತಿದೆ. ಎದ್ದೆ, ಇಲ್ಲಿ ಕೂತ್ಕೊಳ್ಳಿ ಜೈನಬಮ್ಮ. ಬೇಡ ಸೆಕ್ರೆಟ್ರಿಯವರೇ, ನೀವು ಕೂತ್ಕೊಳ್ಳಿ. ಲೋಕಯ್ಯಣ್ಣ ಅನ್ನಲಿಲ್ಲ. ನಿಮ್ಮ ಕೇಸು ಮುಗಿಯಿತಾ. ಮುಗಿಯಿತು. ಮನೆ ಉಳಿಯಿತಲ್ಲ, ಒಳ್ಳೆದಾಯಿತು ಅಂದಳು, ವ್ಯಂಗ್ಯವಿಲ್ಲ, ಇದ್ದಿದ್ದರೆ ತಡೆದುಕೊಳ್ಳುತ್ತಿದ್ದೆ, ಕವರನ್ನು ಅಂಗಿಯೊಳಗೆ ತುರುಕಿದೆ, ಕ್ಷಮಿಸಿ ಅನ್ನಬೇಕು, ಇಷ್ಟು ಜನರ ಎದುರು ಹೇಗೆ ಅನ್ನುವುದು, ಅವತ್ತು ಇದಕ್ಕಿಂತ ಹೆಚ್ಚು ಜನರ ಎದುರು ಓದಿದೆಯಲ್ಲ, ಬಾಯಿ ತೆರೆಯುತ್ತೇನೆ, ಆದರೆ ಕಣ್ಣು, ಈ ಹಾಳು ಕಣ್ಣು ತನ್ನಷ್ಟಕ್ಕೆ ಜುಲೈಕಾಳ ಕುತ್ತಿಗೆಗೆ ಹೋಗಿ ಹುಡುಕುತ್ತದೆ, ಏನೂ ಇಲ್ಲ, ಒಂದು ಕರಿನೂಲೂ ಇಲ್ಲ, ನಾನು ನೋಡುವುದನ್ನು ಅವಳು ನೋಡಿದಳು, ಮಗುವನ್ನು ಇನ್ನೊಂದು ಸೊಂಟಕ್ಕೆ ಬದಲಿಸಿ ಮೆಲ್ಲಗೆ ಕೈ ಎತ್ತಿದಳು, ತಾಯಿಯ ಹಾಗೆಯೇ, ಬೆರಳು ಅಗಲಿಸಿ, ಅಂಗೈ ಕುತ್ತಿಗೆಯ ಮೇಲೆ — ಮೂವತ್ತು ಸಾಕಿತ್ತು — ಬರಿಗುತ್ತಿಗೆ, ಅದರ ಮೇಲೆ ಆ ಕೈ, ಆ ಕೈ