ಸಭೆಗೆ ಬೆನ್ನು ಹಾಕದ ಪಾಲಣ್ಣ

ನನ್ನ ಗಂಡ ಕೆಂಚೇಶ್ ಏನು ಕೆಲಸ ಮಾಡುತ್ತಾರೆ ಎಂದು ಜಗಳೂರಿನಲ್ಲಿ ಯಾರಾದರೂ ಕೇಳಿದರೆ ನನಗೆ ರೇಗುತ್ತದೆ. ಹೇಳಿ ಹೇಳಿ ಬಾಯಿ ನೋವು ಬಂದಿದೆ. ಮೊದಲು ಮದುವೆ ವಿಡಿಯೋ, ಆಮೇಲೆ ಟಿವಿ ಧಾರಾವಾಹಿಗಳ ಎಡಿಟಿಂಗ್. ಈಗ ಸಿನಿಮಾಕ್ಕೆ ಕ್ಯಾಮೆರಾ ಹಿಡಿಯುವುದೂ ಇವರೇ, ತೆಗೆದದ್ದನ್ನು ಕತ್ತರಿಸಿ ಜೋಡಿಸುವುದೂ ಇವರೇ. ಇಷ್ಟು ಬಿಡಿಸಿ ಹೇಳಿದ ಮೇಲೂ, "ತೆರೆ ಮ್ಯಾಲೆ ಯಾವಾಗ ಬರ್ತಾರೆ?" ಎನ್ನುತ್ತಾರೆ. ಬರುವುದಿಲ್ಲ ಕಣ್ರೀ, ಇವರಿಗೆ ಆ ಹುಚ್ಚಿಲ್ಲ.

ಆ ಹುಚ್ಚು ಇದ್ದದ್ದು ನಮ್ಮ ಮಾವ ಪಾಲಣ್ಣನವರಿಗೆ. ಪ್ರಾಯದಲ್ಲಿ ಸುತ್ತಲ ಹಳ್ಳಿಗಳ ನಾಟಕಗಳಲ್ಲಿ ರಾಜನ ಪಾರ್ಟು ಮಾಡಿದವರು. ಹೋದ ವರ್ಷ ಸೂಳೆಕೆರೆಯಲ್ಲಿ ಇವರ ಸಿನಿಮಾದ ಶೂಟಿಂಗ್ ಇತ್ತು. ಮಗಳ ಮನೆಗೆ ಬಂದು, ಒಂದು ಮಾತು ಹೇಳಿ, ಕೆರೆ ಏರಿಯ ಮೇಲೆ ಹೊರಟುಹೋಗುವ ಮುದಿ ತಂದೆಯ ಪಾತ್ರಕ್ಕೆ ಜನ ಬೇಕಾಗಿತ್ತು. ಇವರು ನಿರ್ದೇಶಕಿ ಕಲ್ಪನಾ ಅವರಿಗೆ ಹೇಳಿ ಮಾವನನ್ನು ಹಾಕಿಸಿದರು. ಮಾವ ಜಗಳೂರು ಪೂರ್ತಿ ಡಂಗುರ ಸಾರಿಬಿಟ್ಟರು.

ಆವತ್ತು ನಾನೂ ಹೋಗಿದ್ದೆ. ಮಾವ ಮಾತನ್ನೇನೋ ಹೇಳಿದರು, ಆಚೆ ದಡಕ್ಕೂ ಕೇಳುವಂತೆ. ಆಮೇಲೆ ಮುಖವನ್ನು ಕ್ಯಾಮೆರಾದ ಕಡೆಗೇ ಇಟ್ಟುಕೊಂಡು, ಒಂದೊಂದೇ ಹೆಜ್ಜೆ ಹಿಂದಕ್ಕಿಡುತ್ತಾ ಏರಿಯ ಮೇಲೆ ಹೊರಟರು. ಮೀನು ಹಿಡಿಯುವವರು ಬಲೆ ಬಿಟ್ಟು ನಿಂತು ನಕ್ಕರು.

"ಪಾಲಣ್ಣೋರೆ, ತಿರುಗಿ ನಡೀರಿ" ಎಂದರು ಕಲ್ಪನಾ.

"ಸಭೆಗೆ ಬೆನ್ನು ಹಾಕಾಕೆ ಬರಲ್ಲಮ್ಮ. ನಾಟಕದ ಮೇಷ್ಟ್ರು ಕಲಿಸಿದ್ದು ಹಂಗೆ."

"ಇಲ್ಲಿ ಸಭೆ ಎಲ್ಲೈತಪ್ಪ?" ಎಂದರು ಇವರು.

"ನೀನು ಕಣ್ಣಿಗೆ ಹಚ್ಕಂಡಿದೀಯಲ್ಲ, ಅದರೊಳಗೈತೆ."

ಎಷ್ಟು ಸಲ ತೆಗೆದರೂ ಅದೇ ಕತೆ. ಕಲ್ಪನಾ ಸಾಕೆಂದು ಕೈಯೆತ್ತಿದರು. ಮಾವ ಎಲ್ಲರಿಗೂ ಕೈ ಮುಗಿದು ಹೊರಟರು.

ಎಡಿಟಿಂಗ್ ಶುರುವಾದಾಗ ಕಲ್ಪನಾ ಫೋನ್ ಮಾಡಿ, ಆ ದೃಶ್ಯ ನಿಲ್ಲುವುದಿಲ್ಲ, ಬೇಜಾರು ಮಾಡಿಕೊಳ್ಳದೆ ತೆಗೆದುಹಾಕಿ ಎಂದರಂತೆ. ನಾನು ಇವರನ್ನು ತಡೆದೆ.

"ಊರಿಗೆಲ್ಲ ಹೇಳ್ಕಂಡಿದಾರೆ. ಆಮೇಲೆ ಮುಖ ಎಲ್ಲಿಟ್ಕಬೇಕು ಅವರು? ಇರಲಿ ಬಿಡ್ರಿ."

"ಇಟ್ರೆ ಥಿಯೇಟರ್ ತುಂಬ ನಗ್ತಾರೆ ಕಣೆ. ಅಪ್ಪನ್ನ ನೋಡಿ ಜನ ನಗೋದನ್ನ ನಾನು ಹೆಂಗೆ ಕೂತು ನೋಡ್ಲಿ?"

ಕೊನೆಗೆ ಇವರು ಒಂದು ತುಣುಕು ಉಳಿಸಿದರು. ಅದು ಏನೆಂದು ಮೊದಲೇ ಮಾವನಿಗೆ ಹೇಳಿ ಎಂದು ಬಡಿದುಕೊಂಡೆ. ಇವರಿಗೆ ಬಾಯಿ ಬರಲಿಲ್ಲ.

ಚನ್ನಗಿರಿಯಲ್ಲಿ ಸಿನಿಮಾ ಬಿಡುಗಡೆಯಾದ ದಿನ ಮಾವ ಇಸ್ತ್ರಿ ಮಾಡಿದ ಬಿಳಿ ಅಂಗಿ ತೊಟ್ಟು, ಗೆಳೆಯ ಮೈಲಾರಿಯನ್ನೂ ಹೊರಡಿಸಿಕೊಂಡು ಬಂದರು. ನಾನು ಪಕ್ಕದಲ್ಲೇ ಕುಳಿತೆ.

ಆ ದೃಶ್ಯ ಬಂತು. ಮಗಳು ಬಾಗಿಲಲ್ಲಿ ನಿಂತಿದ್ದಾಳೆ. ಏರಿಯ ಮೇಲೆ ಒಬ್ಬ ಮುದುಕ ನಮಗೆ ಬೆನ್ನು ಹಾಕಿ ನಡೆದು ಹೋಗುತ್ತಿದ್ದಾನೆ. ಹೆಗಲಿನಿಂದ ಟವೆಲ್ಲು ಜಾರುತ್ತದೆ, ಎಳೆದುಕೊಳ್ಳುತ್ತಾನೆ. ಒಂದು ಕಾಲು ಎಳೆಯುತ್ತದೆ. ಮಾತಿಲ್ಲ, ಮುಖವಿಲ್ಲ. ಥಿಯೇಟರಿನಲ್ಲಿ ಒಬ್ಬರೂ ಕೆಮ್ಮಲಿಲ್ಲ. ಹಿಂದಿನ ಸಾಲಿನ ಹೆಂಗಸೊಬ್ಬಳು ಮೂಗು ಸೇದಿದಳು.

ಮಾವ ನನ್ನ ಕಿವಿಯ ಹತ್ತಿರ ಬಾಗಿದರು. "ಯಾರಮ್ಮ ಆ ಮುದುಕ? ಪಾಪ, ಒಂಟಿ ಇರ್ಬೇಕು."

ತನ್ನ ಬೆನ್ನನ್ನು ಯಾರು ತಾನೇ ನೋಡಿಕೊಂಡಿರುತ್ತಾರೆ? "ನೀವೇ ಮಾವ" ಎಂದೆ.

ಸಿನಿಮಾ ಮುಗಿಯಿತು. ಹೊರಗೆ ಇವರು ಕಾಯುತ್ತಿದ್ದರು. ಮಾವ ಮಗನ ಎದುರು ನಿಂತರು.

"ಮಾತೂ ಕತ್ತರಿಸ್ದೆ, ಮುಖಾನೂ ಕತ್ತರಿಸ್ದೆ."

"ಹೂಂ ಅಪ್ಪ. ಸಾಕು ಅಂದ್ಮೇಲೆ ನೀನು ಬಸ್ಸಿಗೆ ಅಂತ ಏರಿ ಮ್ಯಾಲೆ ಹೊಂಟೆ. ನೀನು ಹಂಗೆ ದೂರ ಹೋಗ್ತಾ ಇದ್ರೆ ನಂಗೆ ಕ್ಯಾಮೆರಾ ನಿಲ್ಸಾಕೆ ಕೈ ಬರ್ಲಿಲ್ಲ" ಎಂದು ಇವರು ನಡುರಸ್ತೆಯಲ್ಲಿ ಕಣ್ಣೊರೆಸಿಕೊಂಡರು.

ಮೈಲಾರಿ ಬಸ್ಸಿಗೆ ಹೊತ್ತಾಯಿತು ಎಂದು ಕರೆದ.

"ನೀನು ಹೋಗಪ್ಪ" ಎಂದರು ಮಾವ. "ನಾನು ಇನ್ನೊಂದು ಸಲ ನೋಡ್ಕಂಡು ಬರ್ತೀನಿ. ಈಗ ಯಾರೋ ಅಂತ ನೋಡಿಬಿಟ್ಟೆ."