ಗೋಡೆ ಪಕ್ಕದ ಎರಡು ಕುರ್ಚಿ

ನನ್ನ ಅಕ್ಕ ಆರ್ಡಿತ್ ನನ್ನೊಡನೆ ಮಾತು ಬಿಟ್ಟು ಒಂಬತ್ತು ವರ್ಷವಾಗಿತ್ತು. ಆ ಒಂಬತ್ತೂ ವರ್ಷ, ಚಳಿ ಕಳೆದು ಆಟ ಶುರುವಾಯಿತೆಂದರೆ, ಶನಿವಾರ ಸಂಜೆ ನಾವಿಬ್ಬರೂ ಮೊಣಕೈಗೆ ಮೊಣಕೈ ತಾಗಿಸಿಕೊಂಡು ಪಕ್ಕಪಕ್ಕದಲ್ಲೇ ಕೂತಿದ್ದೇವೆ. ಬೆಲ್ಮರ್ ಊರಿನಲ್ಲಿ ಇದು ಗೊತ್ತಿಲ್ಲದವರಿಲ್ಲ. ಗೊತ್ತಿದ್ದೂ ನಗದವರಂತೂ ಇಲ್ಲವೇ ಇಲ್ಲ.

ನಾವು ಹೋಗುತ್ತಿದ್ದದ್ದು ನಮ್ಮೂರ ಬುಲ್‌ಸ್ನೇಕ್ಸ್ ತಂಡದ ಫುಟ್‌ಬಾಲ್ ನೋಡಲು. ಬುಲ್‌ಸ್ನೇಕ್ ಅಂದರೆ ನಮ್ಮ ನೆಬ್ರಾಸ್ಕಾದ ಜೋಳದ ಹೊಲಗಳಲ್ಲಿ ಇಲಿ ಹಿಡಿದು ತಿಂದುಕೊಂಡಿರುವ, ವಿಷವಿಲ್ಲದ, ಕೇರೆಯಂಥ ಹಾವು. ಬೇರೆ ಊರಿನವರು ತೋಳ, ಸಿಡಿಲು, ಗೂಳಿ ಎಂದೆಲ್ಲ ಹೆಸರಿಟ್ಟುಕೊಂಡರೆ ನಮ್ಮವರು ಯಾರಿಗೂ ಕಚ್ಚದ ಹಾವನ್ನು ಆರಿಸಿಕೊಂಡರು. ತಂಡ ಆಡಿದ್ದೂ ಹಾಗೆಯೇ. ನಾನೂ ಅಕ್ಕನೂ ಮದುವೆಯಾಗಿ ಈ ಊರಿಗೆ ಬಂದವರು. ಕೇರೆ ತಿನ್ನುವವರ ಊರಿಗೆ ಹೋದರೆ ನಡುತುಂಡು ನನಗಿರಲಿ ಅನ್ನಬೇಕಂತೆ. ತಂಡ ಹುಟ್ಟಿದ ವರ್ಷವೇ ಹೋಗಿ ಮೊದಲ ಸಾಲಿನಲ್ಲಿ, ಗೋಡೆಗೆ ಅಂಟಿಕೊಂಡ ಎರಡು ಕುರ್ಚಿ ಹಿಡಿದೆವು.

ಚೆಂಡನ್ನು ಕಂಕುಳಲ್ಲಿ ಅವುಚಿಕೊಂಡು ಓಡುವ, ಹೆಲ್ಮೆಟ್ ಹಾಕಿಕೊಂಡು ಒಬ್ಬರ ಮೇಲೊಬ್ಬರು ಬೀಳುವ ಅದೇ ಆಟ. ಆದರೆ ಬಯಲಿನಲ್ಲಲ್ಲ, ಸೂರಿನಡಿ. ದನದ ಪ್ರದರ್ಶನ ನಡೆಯುವ ಕಟ್ಟಡದೊಳಗೆ ಹಸಿರು ಹಾಸು ಬಿಚ್ಚಿ, ಸುತ್ತ ಸೊಂಟದೆತ್ತರಕ್ಕೆ ಮೆತ್ತೆಯ ಗೋಡೆ ನಿಲ್ಲಿಸುತ್ತಿದ್ದರು. ಜಾಗ ಸಣ್ಣದು, ಆಳುಗಳು ದೊಡ್ಡವರು. ಓಡಿ ಬಂದವರು ನಿಲ್ಲಲಾಗದೆ ಗೋಡೆ ದಾಟಿ ನಮ್ಮ ಮಡಿಲಿಗೇ ಬೀಳುತ್ತಿದ್ದರು. ಚೆಂಡು ಗೋಡೆ ದಾಟಿದರೆ ಮಾತ್ರ ವಾಪಸಿಲ್ಲ, ಹಿಡಿದವರದ್ದೇ ಅದು. ಮೊದಲ ದಿನದಿಂದ ಅದೇ ಪದ್ಧತಿ.

ತಂಡ ಕಟ್ಟಿದವನು ಟೈರ್ ಅಂಗಡಿಯವನು. ಅವನಿಗೆ ಸಾಕಾದಾಗ ಹಲ್ಲಿನ ಡಾಕ್ಟರು ಕೊಂಡರು. ಡಾಕ್ಟರ ಹೆಂಡತಿಗೆ ಸಾಕಾದಾಗ ಟೆಕ್ಸಸ್‌ನವನೊಬ್ಬ ದೊಡ್ಡ ಟೋಪಿ ಹಾಕಿಕೊಂಡು ಬಂದ. ಮಧ್ಯೆ ಒಂದು ಲೀಗು ಮುಳುಗಿತು, ಇನ್ನೊಂದಕ್ಕೆ ಸೇರಿದೆವು, ಅದೂ ಮುಳುಗಿತು. ಒಂದು ವರ್ಷ ಫೈನಲ್ ತನಕ ಹೋಗಿ ಒಂದೇ ಅಂಕದಲ್ಲಿ ಸೋತದ್ದುಂಟು. ಊರು ಅದನ್ನೇ ಗೆಲುವೆಂದು ತಿಳಿದು ಅಗ್ನಿಶಾಮಕ ಗಾಡಿಯ ಮೇಲೆ ಆಟಗಾರರ ಮೆರವಣಿಗೆ ಮಾಡಿತು. ಹಗಲು ಬೀಜದ ಮೂಟೆ ಹೊರುವ, ಶಾಲೆಯಲ್ಲಿ ಪಾಠ ಹೇಳುವ ಹುಡುಗರು ಅವರು. ಆ ದಿನ ಅವರ ಮುಖ ನೋಡಬೇಕಿತ್ತು.

ಜಗಳವಾದದ್ದು ನಾಲ್ಕನೆಯ ವರ್ಷ. ಚೆಂಡು ಗಿರಗಿರನೆ ತಿರುಗುತ್ತ ಗೋಡೆ ದಾಟಿ ಬಂತು. ನಾನು ಹಿಡಿದೆ. ಆರ್ಡಿತ್ ತಾನು ಹಿಡಿದೆ ಅಂದಳು. ಇಬ್ಬರೂ ಎಳೆದಾಡಿದ್ದು ದೊಡ್ಡ ಪರದೆಯ ಮೇಲೆ ಬಂತು. "ಅಮ್ಮಂದಿರಾ, ಆಟ ಇರೋದು ಗೋಡೆ ಈಚೆಗೆ" ಎಂದು ಮೈಕಿನವನು ಕೂಗಿದ. ನನ್ನ ಕನ್ನಡಕ ಜಾರಿತೆಂದು ಒಂದು ಕೈ ಬಿಟ್ಟೆ. ಅಷ್ಟರಲ್ಲಿ ಚೆಂಡು ಅವಳ ಕೋಟಿನೊಳಗೆ ಹೋಗಿತ್ತು.

"ಚಿಕ್ಕಂದಿನಿಂದಲೂ ನಿಂಗೆ ನನ್ನದೇ ಬೇಕು, ವರ್ನಾ" ಅಂದಳು.

"ನಿಂದು ಅನ್ನೋದೆಲ್ಲ ಅಮ್ಮ ನನ್ನ ಕೈಯಿಂದ ಕಿತ್ತು ನಿಂಗೆ ಕೊಟ್ಟಿದ್ದೇ" ಅಂದೆ ನಾನು.

ಅವತ್ತು ನಿಂತ ಮಾತು ನಿಂತೇ ಹೋಯಿತು. ಅವಳು ಸಾಮಾನು ತರುವ ಅಂಗಡಿ ಬದಲಾಯಿಸಿದಳು. ಅವಳದ್ದು ಲೂಥರನ್ ಚರ್ಚು, ನನ್ನದು ಕ್ಯಾಥೊಲಿಕ್, ಅಲ್ಲೂ ಎದುರಾಗುವಂತಿರಲಿಲ್ಲ. ಇಬ್ಬರ ಗಂಡಂದಿರೂ ಒಬ್ಬರ ಹಿಂದೆ ಒಬ್ಬರು ಹೋದರು. ಎರಡು ಸಾವಿನಲ್ಲೂ ಅಡುಗೆ ತಂದಿಟ್ಟೆವು, ಬಾಯಿ ಬಿಡಲಿಲ್ಲ. ಆದರೆ ಕುರ್ಚಿ ಮಾತ್ರ ಇಬ್ಬರೂ ಬಿಡಲಿಲ್ಲ. ಅವಳು ಹೋಗಲಿ ಎಂದು ನಾನು, ನಾನು ಹೋಗಲಿ ಎಂದು ಅವಳು. ಬರುಬರುತ್ತ ಜನ ಕಡಿಮೆಯಾಗಿ ಅರ್ಧ ಕಟ್ಟಡವೇ ಖಾಲಿ ಹೊಡೆಯುತ್ತಿತ್ತು. ಎಲ್ಲಿ ಬೇಕಾದರೂ ಕೂರಬಹುದಿತ್ತು. ಕೂರಲಿಲ್ಲ.

ಗೋಡೆ ಪಕ್ಕ ಕೂತವರು ಒಬ್ಬರನ್ನೊಬ್ಬರು ನೋಡಿಕೊಳ್ಳದೆ ಆಗುವುದಿಲ್ಲ. ನಾನು ಕಾಫಿ ಬಗ್ಗಿಸಿಕೊಳ್ಳುವಾಗ ಆಟಗಾರನೊಬ್ಬ ಹಾರಿ ಬಂದರೆ ಅವಳು ನನ್ನ ಕಾಲರ್ ಹಿಡಿದು ಹಿಂದಕ್ಕೆಳೆಯುತ್ತಿದ್ದಳು. ಅವಳ ಮೇಲೆ ಬಂದರೆ ನಾನು ಅವಳ ಎದೆಗೆ ಅಡ್ಡಲಾಗಿ ತೋಳು ಚಾಚುತ್ತಿದ್ದೆ. ಮುಖ ನೋಡುತ್ತಿರಲಿಲ್ಲ. ಉಳಿದ ಮಾತಿಗೆಲ್ಲ ಹಿಂದಿನ ಸಾಲಿನ ಮಿಲ್ಟ್ ವೊಸಿಕಾ ಇದ್ದ, ನಿವೃತ್ತ ಪೋಸ್ಟ್‌ಮ್ಯಾನ್.

"ಮಿಲ್ಟ್, ನಿನ್ನ ಮುಂದೆ ಕೂತಿರೋರಿಗೆ ಹೇಳು, ಶಾಲು ನನ್ನ ತಟ್ಟೆಲಿದೆ."

"ಆರ್ಡಿತ್, ಶಾಲು ತಟ್ಟೆಲಿದ್ಯಂತೆ."

"ಕೇಳಿಸ್ತು, ನಾನೇನು ಕಿವುಡೀನಾ? ತಟ್ಟೆ ನನ್ನ ಕಡೆ ಯಾಕೆ ಬಂತು ಅಂತ ಕೇಳು."

ಹದಿಮೂರನೆಯ ವರ್ಷದ ಕೊನೆಯಲ್ಲಿ ಟೆಕ್ಸಸ್‌ನವನು ಹೇಳದೆ ಕೇಳದೆ ಹೊರಟುಹೋದ. ಇನ್ನೊಂದೇ ಆಟ ಬಾಕಿ. ಹುಡುಗರು ಕೂತು ಮಾತಾಡಿಕೊಂಡರು: ಸಂಬಳ ಬರದಿದ್ದರೂ ಸರಿ, ಊರಿನವರೆದುರು ಕೊನೆಯ ಆಟ ಆಡಿಯೇ ಹೋಗುವುದು. ಆದರೆ ಆಡಲು ಚೆಂಡೇ ಇರಲಿಲ್ಲ! ಆತಿಥೇಯ ತಂಡವೇ ಚೆಂಡು ಕೊಡಬೇಕೆಂಬುದು ಲೀಗಿನ ನಿಯಮ. ನಮ್ಮ ಚೆಂಡುಗಳೆಲ್ಲ ಹದಿಮೂರು ವರ್ಷದಿಂದ ಗೋಡೆ ದಾಟಿ ಊರಿನ ಮನೆಮನೆಯಲ್ಲಿದ್ದವು. ಕೋಚ್ ರೂಡಿ ಪೆಲ್ಟ್ಸರ್ ರೇಡಿಯೋದಲ್ಲಿ ಗಂಟಲು ಸರಿಮಾಡಿಕೊಂಡು, "ನಿಮ್ಮ ಹತ್ರ ಇರೋದನ್ನ ದಯವಿಟ್ಟು ತಂದ್ಕೊಡಿ. ನಾಚಿಕೆ ಆಗ್ತಿದೆ ಕೇಳೋಕೆ" ಎಂದ.

ಊರೆಲ್ಲ ಚೆಂಡು ಹುಡುಕುವ ಗಲಾಟೆಯಲ್ಲಿದ್ದರೆ ನನಗೆ ಬೇರೆಯದೇ ಚಿಂತೆ. ತಂಡ ಹೋದರೆ ಹೋಗಲಿ, ಹಾವಿಲ್ಲದಿದ್ದರೂ ಹೊಲ ಬೆಳೆಯುತ್ತದೆ. ಆದರೆ ಅಕ್ಕನನ್ನು ನಾನು ನೋಡುತ್ತಿದ್ದದ್ದು ಆ ಕುರ್ಚಿಯಲ್ಲಿ ಮಾತ್ರ. ಅವಳ ಮಂಡಿ ನೋವು ಹೆಚ್ಚಾಗಿದೆಯೋ ಇಲ್ಲವೋ, ಔಷಧ ತಗೊಂಡಿದ್ದಾಳೋ ಇಲ್ಲವೋ, ಉಸಿರಾಟ ಕೇಳಿಯೇ ತಿಳಿದುಕೊಳ್ಳುತ್ತಿದ್ದೆ. ಇನ್ನು ಯಾವ ನೆಪದಲ್ಲಿ ಅವಳ ಪಕ್ಕ ಕೂರಲಿ? ಹೆದರಿಕೆಯಾಯಿತು ನನಗೆ, ನಿಜವಾಗಿ.

ಕೊನೆಯ ಶನಿವಾರ ಬಾಗಿಲಲ್ಲಿ ಒಂದು ದೊಡ್ಡ ತೊಟ್ಟಿ ಇಟ್ಟಿದ್ದರು. ನಾಯಿ ಕಚ್ಚಿದ ಚೆಂಡು, ದೀಪದ ಕಂಬಕ್ಕೆ ಸಿಕ್ಕಿಸಿದ್ದ ಚೆಂಡು, ಮಗುವಿನ ಜೊತೆ ತೊಟ್ಟಿಲಲ್ಲಿ ಮಲಗಿದ್ದ ಚೆಂಡು, ಎಲ್ಲ ಬಂದವು. ನನ್ನೆದುರಿಗೇ ಆರ್ಡಿತ್ ಕೋಟಿನೊಳಗಿಂದ ಆ ಚೆಂಡು ತೆಗೆದಳು. ಎಣ್ಣೆ ಹಚ್ಚಿ ಒರೆಸಿ ಹೊಸದರಂತೆ ಇಟ್ಟಿದ್ದಳು. ಒಂದು ಕ್ಷಣ ಹಿಡಿದು ನಿಂತು, ತೊಟ್ಟಿಗೆ ಹಾಕಿದಳು. ಅದು ಉಳಿದವುಗಳ ನಡುವೆ ಎಲ್ಲಿ ಹೋಯಿತೋ ತಿಳಿಯಲಿಲ್ಲ.

ನನಗೆ ಮೈಯೆಲ್ಲ ಉರಿಯಿತು. ಕೂತವಳೇ ಹಿಂದಕ್ಕೆ ತಿರುಗಿದೆ.

"ಮಿಲ್ಟ್, ಕೇಳು ಅವಳನ್ನ. ನನ್ನ ಚೆಂಡು ದಾನ ಮಾಡೋಕೆ ಅವಳ್ಯಾರು?"

"ಕೇಳಲ್ಲ" ಅಂದ ಮಿಲ್ಟ್.

"ಕೇಳಲ್ವಾ?"

"ನಲವತ್ತು ವರ್ಷ ಊರಿನ ಟಪಾಲು ಹೊತ್ತೆ, ಒಂಬತ್ತು ವರ್ಷ ನಿಮ್ಮದು. ಕೊನೇ ಆಟ ಇದು, ಅದನ್ನಾದ್ರೂ ನೋಡ್ಬಿಡ್ತೀನಿ. ಬೇಕಿದ್ರೆ ನೀವ್ನೀವೇ ಹೇಳ್ಕೊಳಿ."

ಇಬ್ಬರೂ ನೆಟ್ಟಗೆ ಮುಂದೆ ನೋಡುತ್ತ ಕೂತೆವು.

ಆಟದ ಮೂರನೆಯ ಭಾಗದಲ್ಲಿ ಟೆವಿನ್ ಓಟ್ಸ್ ಓಡಿ ಬಂದ. ಲೂಸಿಯಾನಾದ ಹುಡುಗ, ಅಲ್ಲಿಯ ಮರ್ಯಾದೆಯಂತೆ ಹಿರಿಯ ಹೆಂಗಸರನ್ನೆಲ್ಲ ಮಿಸ್ ಅನ್ನುವವನು, ಐದು ವರ್ಷದಿಂದ ನಮ್ಮ ಮೇಲೆ ಬೀಳುತ್ತಿದ್ದವನು. ಗೋಡೆ ದಾಟಿ ಉದ್ದಕ್ಕೆ ನಮ್ಮಿಬ್ಬರ ಮಡಿಲಲ್ಲೂ ಬಿದ್ದ. ಏಳಲೇ ಇಲ್ಲ. ಪೆಟ್ಟಾಯಿತೇನೋ ಎಂದು ನಾನು ಹೆಲ್ಮೆಟ್ ಒಳಗೆ ಬಗ್ಗಿ ನೋಡಿದರೆ ಅಳುತ್ತಿದ್ದ.

"ಸಾರಿ, ಮಿಸ್ ವರ್ನಾ. ಸಾರಿ, ಮಿಸ್ ಆರ್ಡಿತ್" ಅಂದ. "ಇನ್ಮೇಲೆ ನಾನು ಯಾರ ಮೇಲೆ ಬೀಳ್ಲಿ?"

"ಹಾಳಾದವ್ನೇ, ಏಳು, ನನ್ನ ಮಂಡಿ" ಎಂದು ಆರ್ಡಿತ್ ಬೈದಳು. ಬೈಯುತ್ತಲೇ ಅವನ ಬೆನ್ನು ಸವರಿದಳು. ನಾನೂ ಸವರಿದೆ.

ಸೋತೆವು. ಸೋತರೂ ಜನ ಎದ್ದು ನಿಂತು ಚಪ್ಪಾಳೆ ಹೊಡೆದರು, ಗೋಡೆ ಹತ್ತಿ ಹಸಿರು ಹಾಸಿನ ಮೇಲಿಳಿದು ಹುಡುಗರನ್ನು ತಬ್ಬಿಕೊಂಡರು. ನಾವು ಕೂತೇ ಇದ್ದೆವು. ಏನಾದರೂ ಹೇಳಬೇಕು ಎಂದು ಬಾಯಿ ತೆರೆದೆ. ಅಷ್ಟರಲ್ಲಿ ಅವಳು ಕೋಟಿನ ಗುಂಡಿ ಹಾಕಿಕೊಂಡು, ಕಂಬಿ ಹಿಡಿದು ಮೆಟ್ಟಿಲು ಹತ್ತಿ ಹೋದಳು. ಆ ವಾರ ನಾನು ಸರಿಯಾಗಿ ಉಣ್ಣಲಿಲ್ಲ.

ಮುಂದಿನ ಶನಿವಾರ ಸಂಜೆಯಾದಂತೆ ಮನೆಯಲ್ಲಿ ಇರಲಾಗಲಿಲ್ಲ. ಕೋಟು ಹಾಕಿಕೊಂಡೆ. ಕಾರು ತಾನಾಗಿ ಆ ಕಟ್ಟಡಕ್ಕೇ ಹೋಯಿತು. ಒಳಗೆ ಹಸಿರು ಹಾಸೂ ಇಲ್ಲ, ಮೆತ್ತೆ ಗೋಡೆಯೂ ಇಲ್ಲ. ಮರದ ಹೊಟ್ಟು ಹರಡಿ ಹಂದಿಗಳ ಸ್ಪರ್ಧೆ ಇಟ್ಟಿದ್ದರು. ನಾವು ಹಂದಿ ಸಾಕಿದ ಮನೆಯಲ್ಲೇ ಬೆಳೆದವರು. ಆ ವಾಸನೆಯಿಂದ ತಪ್ಪಿಸಿಕೊಳ್ಳಲೆಂದೇ ಇಬ್ಬರೂ ಪೇಟೆಯ ಗಂಡನ್ನು ಹುಡುಕಿಕೊಂಡಿದ್ದು! ಆದರೂ ಮೂಗು ಮುಚ್ಚಿಕೊಂಡು ಹೋಗಿ ನನ್ನ ಕುರ್ಚಿಯಲ್ಲಿ ಕೂತೆ.

ಇನ್ನೊಂದು ಸುತ್ತು ಹಂದಿಗಳು ಬಂದು ಹೋದವು. ಮೆಟ್ಟಿಲ ಮೇಲೆ ಕಂಬಿ ಹಿಡಿದು ಒಂದೊಂದೇ ಹೆಜ್ಜೆ ಇಡುವ ಸದ್ದು ಕೇಳಿಸಿತು. ಎಲ್ಲಿದ್ದರೂ ಗುರುತು ಸಿಗುವ ಹೆಜ್ಜೆ. ತಿರುಗಿ ನೋಡಲಿಲ್ಲ, ನೋಡಿದ್ದರೆ ಅತ್ತುಬಿಡುತ್ತಿದ್ದೆ. ಪಕ್ಕದ ಕುರ್ಚಿ ಕಿರುಗುಟ್ಟಿತು. ಬಹಳ ಹೊತ್ತು ಇಬ್ಬರೂ ಹಂದಿ ನೋಡಿದೆವು. ಆಮೇಲೆ ಅವಳು ಹಿಂದಕ್ಕೆ ತಿರುಗಿ ಖಾಲಿ ಸಾಲು ನೋಡಿ, ನನ್ನ ಕಡೆ ತಿರುಗಿದಳು.

"ಮಿಲ್ಟ್ ಎಲ್ಲಿ?"

"ಬಂದಿಲ್ಲ" ಅಂದೆ. ನನ್ನ ದನಿ ನನಗೇ ಗುರುತು ಸಿಗಲಿಲ್ಲ. "ಹಂದಿ ನೋಡೋಕೆ ಬರೋಕೆ ಅವನಿಗೇನು ತಲೆ ಕೆಟ್ಟಿದ್ಯಾ?"

"ಹೌದಲ್ವಾ" ಅಂದಳು. ಕರ್ಚೀಫು ಮೂಗಿಗೆ ಒತ್ತಿಕೊಂಡಿದ್ದಳು. ವಾಸನೆಗೋ ಬೇರೆಯದಕ್ಕೋ ನಾನು ಕೇಳಲಿಲ್ಲ. ಸ್ವಲ್ಪ ಹೊತ್ತಾದ ಮೇಲೆ, "ಮುಂದಿನ ವಾರ ಇಲ್ಲೇನಿದೆ?" ಎಂದು ಕೇಳಿದಳು.

"ಹಳೇ ಟ್ರಾಕ್ಟರ್ ಹರಾಜು."

"ದೇವರೇ" ಅಂದಳು ಅಕ್ಕ. "ಎಷ್ಟು ಗಂಟೆಗೆ?"